ಹೈಕೋರ್ಟಿಗೆ ಹೋಗುವ ಮುಂಚೆ ಎಷ್ಟು ಬಾಗಿಲು ತಟ್ಟಬೇಕು?



ಬೆಲೆಯ ಮಾತು, ಸಾಲದ ಮಾತು ಬಿಟ್ಟು ಈ ಸಲ ನೌಕರಿಯ ಮಾತು, ಕೋರ್ಟಿನ ಮಾತು ಯಾಕೆ ಎತ್ತಿದೆ ಎಂದು ನೀವು ಕೇಳಬಹುದು. ಬಿಟ್ಟಿಲ್ಲ. ಇದು ಸಾಲದ ಮಾತೇ. ನಮ್ಮ ಸಿಂಧನೂರು ಸೀಮೆಯಲ್ಲಿ ಸಾಲ ಯಾತಕ್ಕೆ ಆಗುತ್ತದೆ ಎಂದು ಒಂದು ಸಲ ಕೂತು ಲೆಕ್ಕ ಹಾಕಿ ನೋಡಿ. ಗೊಬ್ಬರ, ಎಣ್ಣೆ, ನಾಟಿ ಕೂಲಿ, ಮಷೀನಿನ ಬಾಡಿಗೆ, ಇದು ಹೊಲದ ಸಾಲ. ಮದುವೆ, ದವಾಖಾನೆ, ಇದು ಮನೆಯ ಸಾಲ. ಇವೆರಡರ ಮಗ್ಗುಲಿಗೆ ಈಗ ಮೂರನೆಯದೊಂದು ಬಂದು ಕೂತಿದೆ. ಅದು ಮಕ್ಕಳ ನೌಕರಿಯ ಸಾಲ. ಬಿ.ಎಡ್. ಮಾಡಿಸಲಿಕ್ಕೆ ಸಾಲ, ಧಾರವಾಡದಲ್ಲಿ ರೂಮು ಮಾಡಿ ಕೋಚಿಂಗಿಗೆ ಕೂಡಿಸಲಿಕ್ಕೆ ಸಾಲ. ಅದೂ ಮುಗಿದು ಪಟ್ಟಿಯಲ್ಲಿ ಹೆಸರು ಬರದೇ ಹೋದರೆ ಕೋರ್ಟಿಗೆ ಸಾಲ.

ಈ ಕಡೆಯ ಸಾಲದ ಬಗ್ಗೆಯೇ ನಾನು ಬರೆಯುತ್ತಿರುವುದು. ಕಾಲುವೆ ಕೊನೆಯ ಎರಡು ಎಕರೆ ಒತ್ತಿ ಹಾಕಿ ವಕೀಲರಿಗೆ ಕೊಟ್ಟು ಬಂದ ಮೇಲೆ, "ನೀವು ತಪ್ಪು ಬಾಗಿಲಿಗೆ ಬಂದಿದ್ದೀರಿ, ಮೊದಲು ಆ ಬಾಗಿಲಿಗೆ ಹೋಗಿ ಬನ್ನಿ" ಎಂದು ನ್ಯಾಯಪೀಠ ಹೇಳಿ ಕಳಿಸಿದರೆ ಆ ಎರಡು ಎಕರೆ ಯಾರು ಬಿಡಿಸಿಕೊಡುತ್ತಾರೆ?

ಇದು ಊಹೆಯ ಮಾತಲ್ಲ. ನಮ್ಮ ರಾಜ್ಯದಲ್ಲಿ ನಿನ್ನೆ ಮೊನ್ನೆ ನಡೆದದ್ದನ್ನೇ ಹೇಳುತ್ತೇನೆ, ಕೇಳಿ.

2022ರ ಮಾರ್ಚಿಯಲ್ಲಿ ಶಿಕ್ಷಣ ಇಲಾಖೆ ಆರರಿಂದ ಎಂಟನೆಯ ತರಗತಿಗಳಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರನ್ನು ತೆಗೆದುಕೊಳ್ಳುವುದಾಗಿ ಅಧಿಸೂಚನೆ ಹೊರಡಿಸಿತು. ಮೇ ತಿಂಗಳಲ್ಲಿ ಪರೀಕ್ಷೆ ಆಯಿತು. ನವೆಂಬರ್ 18ಕ್ಕೆ ತಾತ್ಕಾಲಿಕ ಆಯ್ಕೆ ಪಟ್ಟಿ ಬಂತು. ಪಟ್ಟಿ ನೋಡಿ ಎಷ್ಟೋ ಹೆಣ್ಣುಮಕ್ಕಳು ದಿಕ್ಕುಗೆಟ್ಟರು. ಹಿಂದುಳಿದ ವರ್ಗದ ಮೀಸಲಾತಿ ಕೇಳಿದ್ದ, ಮದುವೆಯಾಗಿದ್ದ ಹುಡುಗಿಯರು ಜಾತಿ ಮತ್ತು ಆದಾಯ ಪ್ರಮಾಣಪತ್ರವನ್ನು ತವರಿನದು, ಅಂದರೆ ತಂದೆಯ ಆದಾಯದ್ದು ಕೊಟ್ಟಿದ್ದರು. ಇಲಾಖೆಯವರು "ಮದುವೆ ಆದಮೇಲೆ ಗಂಡನ ಆದಾಯ ತೋರಿಸಬೇಕಿತ್ತು" ಎಂದು ಹೇಳಿ, ಅವರನ್ನು ಮೀಸಲಾತಿಯಿಂದ ಎತ್ತಿ ಸಾಮಾನ್ಯ ವರ್ಗಕ್ಕೆ ಹಾಕಿಬಿಟ್ಟರು. (ನಮ್ಮ ಬೆಳೆಗೆ ಬೆಲೆ ಕಟ್ಟುವಾಗ ರೈತನ ಆದಾಯ ಎಷ್ಟೆಂದು ಕೇಳುವವರಿಲ್ಲ. ಮಗಳ ನೌಕರಿಗೆ ಬಂದಾಗ ಅಪ್ಪನದೋ ಗಂಡನದೋ ಎಂದು ಪೈಸೆ ಲೆಕ್ಕ!)

ಅವರಲ್ಲಿ ಹಲವರು ನೇರ ಹೈಕೋರ್ಟಿಗೆ ಹೋದರು. 2023ರ ಜನವರಿ 30ರಂದು ಒಬ್ಬ ನ್ಯಾಯಮೂರ್ತಿಗಳ ಪೀಠ ಅವರ ಪರವಾಗಿ ತೀರ್ಪು ಕೊಟ್ಟಿತು. ಇಲಾಖೆ ಹೊಸ ಪಟ್ಟಿ ಮಾಡಿತು, ಮಾರ್ಚ್ 8ಕ್ಕೆ ಅಂತಿಮ ಪಟ್ಟಿ ಹೊರಬಂತು. ಇವರು ಒಳಗೆ ಬಂದದ್ದರಿಂದ ಮೊದಲಿನ ಪಟ್ಟಿಯಲ್ಲಿದ್ದ ನೂರಾರು ಮಂದಿ ಹೊರಗೆ ಬಿದ್ದರು. ಅವರೂ ಬಡವರ ಮಕ್ಕಳೇ, ಅವರ ಮನೆಯಲ್ಲೂ ಸಾಲವೇ. ಅವರು ಮೇಲ್ಮನವಿ ಹಾಕಿದರು. ಅದೇ ವರ್ಷ ಅಕ್ಟೋಬರ್ 12ಕ್ಕೆ ವಿಭಾಗೀಯ ಪೀಠ ಮೊದಲಿನ ತೀರ್ಪನ್ನು ತೆಗೆದುಹಾಕಿತು. ಕಾರಣ ಏನು? ಅಪ್ಪನ ಆದಾಯ ಸರಿಯೋ ಗಂಡನ ಆದಾಯ ಸರಿಯೋ ಎಂದಲ್ಲ. ಸರ್ಕಾರಿ ನೇಮಕಾತಿಯ ತಕರಾರು ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು, ನೇರ ಇಲ್ಲಿಗೆ ಬರುವ ಹಾಗಿಲ್ಲ ಎಂದು. ತಕರಾರಿಲ್ಲದ ಉಳಿದ 13,352 ಮಂದಿಯ ನೇಮಕಾತಿ ಮುಂದುವರಿಸಿ ಎಂದೂ ಹೇಳಿತು. ಅವರು ಶಾಲೆಗೆ ಹೋದರು, ಪಗಾರ ಶುರುವಾಯಿತು. ಇವರು ದೆಹಲಿಯ ಸುಪ್ರೀಂ ಕೋರ್ಟಿಗೆ ಹೋದರು. 2025ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿದ್ದೂ ಅದನ್ನೇ: ವಿಭಾಗೀಯ ಪೀಠ ಹೇಳಿದ್ದು ಸರಿ, ನ್ಯಾಯಮಂಡಳಿಗೆ ಹೋಗಿ.

ಪಟ್ಟಿ ಬಂದದ್ದು 2022ರ ನವೆಂಬರ್. ಈ ಮಾತು ಬಂದದ್ದು 2025ರ ಅಕ್ಟೋಬರ್. ಮೂರು ವರ್ಷಕ್ಕೆ ಒಂದು ತಿಂಗಳು ಕಮ್ಮಿ. ಅಷ್ಟು ದಿನ ನಡೆದು ತೀರ್ಮಾನವಾದದ್ದು ಒಂದೇ ಸಂಗತಿ, ಯಾವ ಬಾಗಿಲು ಎಂಬುದು. ಹೊಲ ಯಾರದೆಂದು ಕೇಳಲಿಕ್ಕೆ ಹೋದವನಿಗೆ ಮೂರು ವರ್ಷದ ಮೇಲೆ ಹೊಲಕ್ಕೆ ಹೋಗುವ ದಾರಿ ತೋರಿಸಿದಂತಾಯಿತು.

ಈಗ ಲೆಕ್ಕ ಹಾಕೋಣ, ನಮ್ಮ ಪತ್ರಿಕೆಯ ರೂಢಿಯಂತೆ. ಇಂಥ ಒಂದು ಮನೆಯವರು ಕೋರ್ಟಿನ ಖರ್ಚಿಗೆಂದು ಒಂದು ಲಕ್ಷ ರೂಪಾಯಿ ಕೈಗಡ ತಂದರು ಎನ್ನಿ. ನೂರಕ್ಕೆ ಎರಡು ರೂಪಾಯಿ ಬಡ್ಡಿ. ತಿಂಗಳಿಗೆ 2,000, ವರ್ಷಕ್ಕೆ 24,000, ಮೂರು ವರ್ಷಕ್ಕೆ 72,000. ಅಸಲು ಹಾಗೇ ಇದೆ. 2025-26ಕ್ಕೆ ಕೇಂದ್ರ ಸರ್ಕಾರ ಸಾಮಾನ್ಯ ನೆಲ್ಲಿಗೆ ಕಟ್ಟಿದ ಬೆಂಬಲ ಬೆಲೆ ಕ್ವಿಂಟಲಿಗೆ 2,369. ನಮ್ಮ 75 ಕಿಲೋ ಚೀಲಕ್ಕೆ 1,777 ರೂಪಾಯಿ ಆಗುತ್ತದೆ. ಆ ಬೆಲೆ ಪೂರ್ತಿ ಕೈಗೆ ಸಿಕ್ಕಿತೆಂದೇ ಹಿಡಿಯಿರಿ, ಸಿಗುವುದಿಲ್ಲ ಎಂಬುದು ನಿಮಗೆ ಗೊತ್ತು. ಬರೀ ಬಡ್ಡಿಗೆ ನಲವತ್ತು ಚೀಲ ನೆಲ್ಲು. ಒಂದು ಎಕರೆ ನಾಟಿ ಮಾಡಿ, ನೀರು ಕಾದು, ಕೊಯ್ದು ಬಂದದ್ದೆಲ್ಲ ಹೋಯಿತು. ಯಾತಕ್ಕೆ? ಬಾಗಿಲು ಯಾವುದೆಂದು ತಿಳಿಯಲಿಕ್ಕೆ.

ಇದರಲ್ಲಿ ತಪ್ಪು ಯಾರದು? ಆ ಹೆಣ್ಣುಮಕ್ಕಳದು ಎಂದು ನಾನು ಹೇಳಲಾರೆ. ಹೈಕೋರ್ಟಿನಲ್ಲೇ ಒಂದು ಪೀಠ ಅರ್ಜಿ ತೆಗೆದುಕೊಂಡು ತೀರ್ಪು ಕೊಟ್ಟಿತು, ಇನ್ನೊಂದು ಪೀಠ ತೆಗೆದುಕೊಳ್ಳಬಾರದಿತ್ತು ಎಂದಿತು. ನ್ಯಾಯಮೂರ್ತಿಗಳ ನಡುವೆಯೇ ಒಂದು ಮಾತಿಲ್ಲದಾಗ ಊರಿನ ಹುಡುಗಿಗೆ ಹೇಗೆ ತಿಳಿಯಬೇಕು? ಆದರೆ ನಿಯಮ ಹೊಸದಲ್ಲ. ಆಡಳಿತ ನ್ಯಾಯಮಂಡಳಿಗಳ ಕಾಯ್ದೆ ಬಂದದ್ದು 1985ರಲ್ಲಿ, ನಮ್ಮ ರಾಜ್ಯದ ಮಂಡಳಿ ಶುರುವಾದದ್ದು 1986ರಲ್ಲಿ. ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ 1997ರಲ್ಲಿ ಎಲ್. ಚಂದ್ರಕುಮಾರ್ ಕೇಸಿನಲ್ಲಿ ಖಂಡಿತ ಮಾಡಿ ಹೇಳಿತ್ತು: ಮಂಡಳಿಯೇ ಮೊದಲ ಮೆಟ್ಟಿಲು, ಅದರ ತೀರ್ಪು ಒಪ್ಪಿಗೆಯಾಗದಿದ್ದರೆ ಹೈಕೋರ್ಟಿನ ವಿಭಾಗೀಯ ಪೀಠ, ಆಮೇಲೆ ದೆಹಲಿ. ವಕೀಲಿ ಓದಿದವರಿಗೆ ಇದು ಗೊತ್ತಿರಬೇಕಾದ ಮಾತು.

ಮಂಡಳಿಗೆ ಹೋದರೂ ಅಲ್ಲಿ ಕೇಳುವ ಮೊದಲ ಪ್ರಶ್ನೆ, ಇಲಾಖೆಗೆ ಹೇಳಿಕೊಂಡಿದ್ದೀರಾ ಎಂಬುದು. ಆ ಕಾಯ್ದೆಯ 20ನೆಯ ಕಲಮಿನ ಪ್ರಕಾರ ಇಲಾಖೆಯ ನಿಯಮಗಳಲ್ಲಿ ಇರುವ ಪರಿಹಾರದ ದಾರಿಗಳನ್ನೆಲ್ಲ ಬಳಸಿ ಬಂದಿದ್ದರೆ ಮಾತ್ರ ಸಾಮಾನ್ಯವಾಗಿ ಅರ್ಜಿ ಒಳಗೆ ಬಿಡುತ್ತಾರೆ. ನಿಯಮದ ಪ್ರಕಾರ ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬರದಿದ್ದರೆ, ದಾರಿ ಮುಗಿಯಿತೆಂದೇ ಲೆಕ್ಕ, ಮುಂದೆ ಹೋಗಬಹುದು.

ಈ ನಿಯಮವೇ ಕೆಟ್ಟದ್ದೆಂದು ನಮ್ಮ ಸಂಘಟನೆಯ ಕೆಲವು ಗೆಳೆಯರು ವಾದ ಮಾಡುತ್ತಾರೆ. ನಾನು ಒಪ್ಪುವುದಿಲ್ಲ. ತಪ್ಪು ಮಾಡಿದ ಕಛೇರಿಯಲ್ಲೇ ಕಡತ ಇರುತ್ತದೆ. ಅಲ್ಲೇ ತಿದ್ದಿಸಿಕೊಂಡರೆ ಒಂದು ಅರ್ಜಿ, ಒಂದು ಬಸ್ ಚಾರ್ಜಿನಲ್ಲಿ ಕೆಲಸ ಮುಗಿಯುತ್ತದೆ. ಕಾಲುವೆ ತೂಬಿನ ಜಗಳಕ್ಕೆ ಯಾರಾದರೂ ನೇರ ಬೆಂಗಳೂರಿಗೆ ಹೋಗುತ್ತಾರೇನು? ಮೊದಲು ನೀರಗಂಟಿ, ಆಮೇಲೆ ಸೆಕ್ಷನ್ ಆಫೀಸು, ಆಮೇಲೆ ಮೇಲಿನವರು. ಇದು ನಮಗೆ ಗೊತ್ತಿರುವ ಪದ್ಧತಿಯೇ.

ನನ್ನ ತಕರಾರು ಬೇರೆ. ಕೆಳಗಿನ ಬಾಗಿಲು ತಟ್ಟಲೇಬೇಕೆಂದು ಕಟ್ಟಪ್ಪಣೆ ಮಾಡುವ ಸರ್ಕಾರ ಆ ಬಾಗಿಲಿನ ಹಿಂದೆ ಮನುಷ್ಯನನ್ನು ಇಡುವುದಿಲ್ಲ. ಅರ್ಜಿ ಕೊಟ್ಟರೆ ಆವಕ ಪುಸ್ತಕದಲ್ಲಿ ಬರೆಯುವವರಿಲ್ಲ. "ಸಾಹೇಬ್ರು ಮೀಟಿಂಗ್‌ನಾಗ ಅದಾರ್ರೀ, ಇಟ್ಟು ಹೋಗ್ರಿ" ಎನ್ನುತ್ತಾರೆ. ಇಟ್ಟು ಹೋದ ಅರ್ಜಿ ಎಲ್ಲಿ ಹೋಯಿತು ಎಂದು ಮೂರು ತಿಂಗಳ ಮೇಲೆ ಕೇಳಿದರೆ "ಯಾವ ಅರ್ಜಿ?" ಎನ್ನುತ್ತಾರೆ. ತಟ್ಟದೇ ಹೋದರೆ ತಟ್ಟಲಿಲ್ಲವೆಂದು ಕೋರ್ಟು ಕಳಿಸುತ್ತದೆ, ತಟ್ಟಿದರೆ ತೆಗೆಯುವವರಿಲ್ಲ. ನಡುವೆ ಬಡ್ಡಿ ಓಡುತ್ತದೆ.

ಜಾತಿ ಪ್ರಮಾಣಪತ್ರ, ಆದಾಯ ಪ್ರಮಾಣಪತ್ರ ಇಷ್ಟು ದಿನದೊಳಗೆ ಕೊಡಬೇಕು, ತಡವಾದರೆ ದಿನಕ್ಕೆ 20 ರೂಪಾಯಿಯಂತೆ 500 ಮೀರದ ಹಾಗೆ ಪರಿಹಾರ ಎಂದು 2011ರ ಸಕಾಲ ಕಾಯ್ದೆ ಹೇಳುತ್ತದೆ. ಒಳ್ಳೆಯದೇ. ಅದೇ ಪ್ರಮಾಣಪತ್ರದ ಮೇಲೆ ನಿಂತ ನೇಮಕಾತಿಯ ಆಕ್ಷೇಪಣೆಗೆ ಮಾತ್ರ ಯಾಕೆ ಅಂಥ ಗಡುವಿಲ್ಲ, ಯಾಕೆ ದಂಡವಿಲ್ಲ? ರೈತ ಆರು ತಿಂಗಳು ಕಾಯಬೇಕೆಂದು ಬರೆಯಲಿಕ್ಕೆ ಕೈ ಬಂದವರಿಗೆ ಅಧಿಕಾರಿ ಒಂದು ತಿಂಗಳಲ್ಲಿ ಉತ್ತರ ಕೊಡಬೇಕೆಂದು ಬರೆಯಲಿಕ್ಕೆ ಯಾಕೆ ಕೈ ಬರಲಿಲ್ಲ?

ಎಲ್ಲರಿಗೂ ಬಾಗಿಲು ಇಷ್ಟು ಬಿಗಿಯಾಗಿರುವುದಿಲ್ಲ ಎಂಬುದನ್ನೂ ನೋಡಿ. ಲೋಕಸೇವಾ ಆಯೋಗ 2011ರಲ್ಲಿ 362 ಗೆಜೆಟೆಡ್ ಅಧಿಕಾರಿಗಳ ಆಯ್ಕೆಗೆ ಅಧಿಸೂಚನೆ ಹೊರಡಿಸಿತು. ಅಕ್ರಮದ ಆರೋಪ ಬಂತು, 2014ರಲ್ಲಿ ಸರ್ಕಾರವೇ ಪಟ್ಟಿ ಕೈಬಿಟ್ಟಿತು. 2016ರಲ್ಲಿ ಮಂಡಳಿ ಆ ಪಟ್ಟಿಗೆ ಜೀವ ಕೊಟ್ಟಿತು, 2018ರಲ್ಲಿ ಹೈಕೋರ್ಟು ಮಂಡಳಿಯ ಆದೇಶ ರದ್ದು ಮಾಡಿತು. ಮುಂದೆ 2022ರಲ್ಲಿ ವಿಧಾನಮಂಡಲವೇ ಒಂದು ಕಾಯ್ದೆ ಮಾಡಿ ಅವರ ನೇಮಕಾತಿಯನ್ನು ಊರ್ಜಿತ ಮಾಡಿತು. ಅವರಲ್ಲಿ ಓದಿ ಪಾಸಾದ ಬಡ ಮಕ್ಕಳು ಇದ್ದರು, ಅದರ ಬಗ್ಗೆ ನನ್ನ ಮಾತಿಲ್ಲ. ನಾನು ಕೇಳುವುದಿಷ್ಟೇ: 362 ಮಂದಿಗೆ ಒಂದು ಕಾಯ್ದೆ ಮಾಡಲಿಕ್ಕೆ ಬರುವ ಸರ್ಕಾರಗಳಿಗೆ, ಬೆಂಬಲ ಬೆಲೆಗೆ ಕಾಯ್ದೆಯ ಬಲ ಕೊಡಿ ಎಂದು ರೈತ ಕೇಳಿದಾಗ ಮಾತ್ರ ಬರುವುದಿಲ್ಲ ಯಾಕೆ?

ಇರಲಿ. ಈಗ ನಿಮ್ಮ ಮನೆಯ ಮಾತಿಗೆ ಬರುತ್ತೇನೆ.

ಪಟ್ಟಿ ಬಂದ ಮರುದಿನ ತಾಲೂಕಿನ ಚಹಾದಂಗಡಿಯಲ್ಲಿ ಒಬ್ಬ ಸಿಗುತ್ತಾನೆ. ಬಿಳಿ ಅಂಗಿ, ಕೈಯಲ್ಲಿ ಎರಡು ಫೋನು. "ಯಜಮಾನ್ರ, ಚಿಂತಿ ಮಾಡಬ್ಯಾಡ್ರಿ. ಹೈಕೋರ್ಟಿನಾಗ ನಮ್ಮ ವಕೀಲರು ಅದಾರ. ಒಂದು ವಾರದಾಗ ಸ್ಟೇ ತಂದು ಕೊಡ್ತೀನಿ. ಇಲಾಖೆಗೆ ಅರ್ಜಿ ಗಿರ್ಜಿ ಅಂತ ಟೈಮ್ ಹಾಳು ಮಾಡಬ್ಯಾಡ್ರಿ" ಎನ್ನುತ್ತಾನೆ. ಇವನು ನೆಲ್ಲಿನ ದಲ್ಲಾಳಿಯ ತಮ್ಮನೇ. ದಲ್ಲಾಳಿಗಾದರೂ ಮಾಲು ಮಾರಿದರೆ ಕಮಿಷನ್ನು, ಇವನಿಗೆ ಕೇಸು ಬಿದ್ದುಹೋದರೂ ಕಮಿಷನ್ನು. ಇಂಥವನ ಮಾತು ಕೇಳಿ ಪಾಣಿ ಪತ್ರ ಹಿಡಿದುಕೊಂಡು ಸಾಲಕ್ಕೆ ಓಡಬೇಡಿ.

ಮೊದಲು ನೋಡಬೇಕಾದ್ದು ಅಧಿಸೂಚನೆ. ತಾತ್ಕಾಲಿಕ ಪಟ್ಟಿಯ ಮೇಲೆ ಆಕ್ಷೇಪಣೆ ಸಲ್ಲಿಸಲು ಯಾವ ಕಛೇರಿ, ಯಾವ ತಾರೀಕು ಎಂದು ಅದರಲ್ಲೋ ಪಟ್ಟಿಯ ಕೆಳಗೋ ಬರೆದಿರುತ್ತಾರೆ. ಆ ದಿನಗಳು ಬಹಳ ಕಮ್ಮಿ ಇರುತ್ತವೆ. ಆ ದಿನದೊಳಗೆ ಆಕ್ಷೇಪಣೆ ಬರೆದು ಕೊಡಬೇಕು. ಬಾಯಲ್ಲಿ ಹೇಳಿ ಬಂದದ್ದು ಲೆಕ್ಕಕ್ಕಿಲ್ಲ, ಶಾಸಕರ ಮನೆಗೆ ಹೋಗಿ ಹೇಳಿ ಬಂದದ್ದಂತೂ ಲೆಕ್ಕಕ್ಕೇ ಇಲ್ಲ. ಎರಡು ಪ್ರತಿ ಮಾಡಿ, ಒಂದರ ಮೇಲೆ ಕಛೇರಿಯ ಮೊಹರು, ತಾರೀಕು, ಆವಕ ನಂಬರು ಹಾಕಿಸಿಕೊಳ್ಳಿ. ಹಾಕಲಿಲ್ಲವೋ, ಅಂದೇ ರಿಜಿಸ್ಟರ್ ಟಪಾಲಿನಲ್ಲಿ ಹಾಕಿ ಚೀಟಿ ಇಟ್ಟುಕೊಳ್ಳಿ. ಕಂಪ್ಯೂಟರಿನಲ್ಲಿ ಸಲ್ಲಿಸಿದ್ದರೆ ಅದು ಕೊಡುವ ಸ್ವೀಕೃತಿ ಹಾಳೆಯನ್ನು ತೆಗೆಸಿಕೊಳ್ಳಿ. ಕೋರ್ಟಿನಲ್ಲಿ ಆ ಹಾಳೆಯೇ ನಿಮ್ಮ ಪಾಣಿ ಪತ್ರ.

ಅರ್ಜಿಯಲ್ಲಿ "ಅನ್ಯಾಯವಾಗಿದೆ, ನ್ಯಾಯ ದೊರಕಿಸಿಕೊಡಬೇಕು" ಎಂದಷ್ಟೇ ಬರೆದರೆ ಅದು ಗೋಳು, ಆಕ್ಷೇಪಣೆ ಅಲ್ಲ. ಯಾವ ನಿಯಮ ಮುರಿದಿದೆ, ನನ್ನ ಅಂಕ ಎಷ್ಟು, ನನಗಿಂತ ಕಮ್ಮಿ ಅಂಕದ ಯಾರಿಗೆ ಯಾವ ವರ್ಗದಲ್ಲಿ ಸೀಟು ಹೋಗಿದೆ, ನಾನು ಕೊಟ್ಟ ಯಾವ ಕಾಗದವನ್ನು ಬಿಟ್ಟಿದ್ದಾರೆ, ಇದನ್ನು ಬರೆಯಬೇಕು. ಆ ವಿವರ ಸಿಗದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಿ. 10 ರೂಪಾಯಿ ಶುಲ್ಕ, 30 ದಿನದ ಗಡುವು. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಶಬ್ದದೊಳಗೆ. ಪುರಾಣ ಬರೆದರೆ ಅದನ್ನೇ ನೆಪ ಮಾಡಿ ವಾಪಸು ಕಳಿಸುತ್ತಾರೆ. ನಮ್ಮ ಭಾಗದ 371ಜೆ ಮೀಸಲಾತಿಯಲ್ಲಿ ಹೊರಗಿನವರು ಸುಳ್ಳು ಸ್ಥಳೀಯ ಪ್ರಮಾಣಪತ್ರ ಹಚ್ಚಿ ಒಳಗೆ ಬಂದಿದ್ದಾರೆಂಬ ಅನುಮಾನವಿದ್ದರೆ, ಆ ಪತ್ರ ಕೊಟ್ಟ ಸಹಾಯಕ ಆಯುಕ್ತರ ಕಛೇರಿಗೇ ಮೊದಲು ದೂರು ಹೋಗಬೇಕು, ಅದರ ಪ್ರತಿ ನೇಮಕಾತಿ ಪ್ರಾಧಿಕಾರಕ್ಕೆ.

ಇನ್ನೊಂದು ಹೊಂಡ ಇದೆ, ಬಹಳ ಮಂದಿ ಬೀಳುವುದು ಇದರಲ್ಲೇ. ಮೊದಲ ಮನವಿಗೆ ಉತ್ತರ ಬರಲಿಲ್ಲ ಎಂದು ಎರಡನೆಯದು, ಮೂರನೆಯದು, ಮಂತ್ರಿಗೊಂದು, ಮುಖ್ಯಮಂತ್ರಿಗೊಂದು ಎಂದು ಬರೆಯುತ್ತಾ ಕೂಡುತ್ತಾರೆ. ಗಡಿಯಾರ ನಿಲ್ಲುವುದಿಲ್ಲ. ಅಂತಿಮ ಆದೇಶ ಬಂದಿದ್ದರೆ ಅಂದಿನಿಂದ ಒಂದು ವರ್ಷದೊಳಗೆ ಮಂಡಳಿಗೆ ಹೋಗಬೇಕು. ನಿಯಮದ ಪ್ರಕಾರ ಮನವಿ ಕೊಟ್ಟು ಉತ್ತರ ಬರದಿದ್ದರೆ ಆರು ತಿಂಗಳು ಕಾದು, ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷದೊಳಗೆ. ಅರ್ಜಿಯ ಮೇಲೆ ಅರ್ಜಿ ಕೊಟ್ಟ ಮಾತ್ರಕ್ಕೆ ಅವಧಿ ಬೆಳೆಯುವುದಿಲ್ಲ ಎಂದು ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳು 1989ರಲ್ಲಿ ಎಸ್.ಎಸ್. ರಾಥೋರ್ ಕೇಸಿನಲ್ಲಿ ಹೇಳಿದ್ದಾರೆ. ಬೇಗ ಹೋದರೆ "ಯಾಕೆ ಇಷ್ಟು ಬೇಗ", ತಡವಾಗಿ ಹೋದರೆ "ಯಾಕೆ ಇಷ್ಟು ತಡ". ಕಾಲುವೆಗೆ ನೀರು ಬಿಡುವ ತಾರೀಕು ನೆನಪಿಡುವ ಹಾಗೆ ಈ ತಾರೀಕುಗಳನ್ನು ನೆನಪಿಡಬೇಕು.

ನಿಯಮವೇ ತಪ್ಪಿದೆ ಎಂದು ಅಧಿಸೂಚನೆ ಓದಿದಾಗಲೇ ಕಂಡಿದ್ದರೆ ಪರೀಕ್ಷೆಗೆ ಮುಂಚೆಯೇ ಹೇಳಿ. ಪರೀಕ್ಷೆ ಬರೆದು, ಫೇಲಾಗಿ, ಆಮೇಲೆ ಪರೀಕ್ಷೆಯ ವಿಧಾನವೇ ಸರಿ ಇರಲಿಲ್ಲ ಎಂದರೆ ಯಾವ ಪೀಠವೂ ಸುಲಭಕ್ಕೆ ಕಿವಿಗೊಡುವುದಿಲ್ಲ. ಹಾಗೆಯೇ ಯಾರ ಸೀಟಿಗೆ ಕುತ್ತು ಬರುತ್ತದೋ ಅವರನ್ನು ಎದುರುದಾರರನ್ನಾಗಿ ಮಾಡದೆ ಕೇಸು ಹಾಕಬೇಡಿ. ಮೇಲೆ ಹೇಳಿದ ಶಿಕ್ಷಕರ ಕೇಸಿನಲ್ಲಿ ಗೆದ್ದವರ ಮೇಲೆ ಮೇಲ್ಮನವಿ ಹಾಕಿದವರು ಹೊಸ ಪಟ್ಟಿಯಿಂದ ಹೊರಬಿದ್ದವರೇ ಎಂಬುದನ್ನು ಮರೆಯಬೇಡಿ.

ಸರಿಯಾದ ಮೆಟ್ಟಿಲು ಹತ್ತಿದರೆ ಗೆದ್ದೇ ಬಿಡುತ್ತೀರಿ ಎಂದು ನಾನು ಹೇಳುವುದಿಲ್ಲ. 545 ಪಿ.ಎಸ್.ಐ. ಹುದ್ದೆಗಳ ಪರೀಕ್ಷೆ 2021ರ ಅಕ್ಟೋಬರಿನಲ್ಲಿ ನಡೆಯಿತು. ಅಕ್ರಮ ಹೊರಬಿದ್ದದ್ದು ನಮ್ಮ ಕಲಬುರಗಿಯ ಪರೀಕ್ಷಾ ಕೇಂದ್ರದಿಂದ. ಸರ್ಕಾರ ಪರೀಕ್ಷೆ ರದ್ದು ಮಾಡಿದಾಗ, ತಾವು ಪ್ರಾಮಾಣಿಕವಾಗಿ ಬರೆದವರು ಎಂದ ಅಭ್ಯರ್ಥಿಗಳು ಮೊದಲು ಮಂಡಳಿಗೇ ಹೋದರು, ಸೋತರು. ಆಮೇಲೆ ಹೈಕೋರ್ಟು, ಅಲ್ಲೂ 2023ರ ನವೆಂಬರಿನಲ್ಲಿ ಸೋತರು. 2024ರ ಜನವರಿಯಲ್ಲಿ ಮರುಪರೀಕ್ಷೆ ಆಯಿತು. ಸೋತರು ನಿಜ, ಆದರೆ ಅವರ ಮಾತನ್ನು ಕೇಳಿ ತೀರ್ಮಾನ ಮಾಡಿದರು, ಬಾಗಿಲು ತಪ್ಪಿತೆಂದು ತಿರುಗಿ ಕಳಿಸಲಿಲ್ಲ.

"ಸಂಘದ ಹೆಸರಲ್ಲೇ ಕೇಸು ಹಾಕೋಣ, ಖರ್ಚು ಹಂಚಿಕೊಳ್ಳೋಣ" ಎಂದು ಕೆಲವರು ಹೇಳುತ್ತಾರೆ. ಖರ್ಚು ಹಂಚಿಕೊಳ್ಳೋಣ, ಆದರೆ ಹೆಸರು ಅಭ್ಯರ್ಥಿಯದೇ ಇರಬೇಕು. ನೌಕರಿಯ ತಕರಾರಿನಲ್ಲಿ ಸಾರ್ವಜನಿಕ ಹಿತಾಸಕ್ತಿ ಎಂದು ಮೂರನೆಯವರು ಮಂಡಳಿಗೆ ಬರುವ ಹಾಗಿಲ್ಲ ಎಂದು 1998ರಲ್ಲಿ ದುರ್ಯೋಧನ ಸಾಹು ಕೇಸಿನಲ್ಲಿ ತೀರ್ಮಾನವಾಗಿದೆ.

ಹಾಗಾದರೆ ಊರವರು ಯಾವ ನೇಮಕಾತಿಯನ್ನೂ ಪ್ರಶ್ನೆ ಮಾಡಬಾರದೇನು? ಮಾಡಬಹುದು. ಅರ್ಹತೆಯೇ ಇಲ್ಲದವನು ಸಾರ್ವಜನಿಕ ಹುದ್ದೆಯಲ್ಲಿ ಕೂತಿದ್ದರೆ "ಯಾವ ಅಧಿಕಾರದಿಂದ ಈ ಕುರ್ಚಿಯಲ್ಲಿ ಕೂತಿದ್ದೀ?" ಎಂದು ಯಾವ ನಾಗರಿಕನೂ ಹೈಕೋರ್ಟಿನ ಮೂಲಕ ಕೇಳಬಹುದು. ಅದಕ್ಕೆ ಕೋ-ವಾರಂಟೊ ಎಂದು ಹೆಸರು. ಇದಕ್ಕೆ ಸ್ವಂತ ನಷ್ಟ ತೋರಿಸಬೇಕಿಲ್ಲ. ಆದರೆ ಇದು ಸಲೀಸಾದ ದಾರಿ ಎಂದು ತಿಳಿಯಬೇಡಿ. ಈ ವಿಷಯದಲ್ಲಿ ದೇಶದ ಕೋರ್ಟುಗಳೆಲ್ಲ ಇವತ್ತಿಗೂ ಹೇಳುವ ಎರಡು ಕೇಸು ನಮ್ಮ ರಾಜ್ಯದವೇ. ಒಂದು, ಮೈಸೂರು ವಿಶ್ವವಿದ್ಯಾನಿಲಯದ ಇಂಗ್ಲಿಷ್ ರೀಡರ್ ಹುದ್ದೆಯ ನೇಮಕಾತಿಯನ್ನು ಸಿ.ಡಿ. ಗೋವಿಂದರಾವ್ ಪ್ರಶ್ನಿಸಿದ್ದು. ಹೈಕೋರ್ಟು ನೇಮಕಾತಿ ರದ್ದು ಮಾಡಿತು, 1963ರಲ್ಲಿ ಸುಪ್ರೀಂ ಕೋರ್ಟು ವಾಪಸು ಕೂಡಿಸಿತು. ಇನ್ನೊಂದು, ಕರ್ನಾಟಕ ನಗರ ನೀರು ಸರಬರಾಜು ಮತ್ತು ಒಳಚರಂಡಿ ಮಂಡಳಿಯ ವ್ಯವಸ್ಥಾಪಕ ನಿರ್ದೇಶಕರದು. ಅಲ್ಲೂ ಹೈಕೋರ್ಟು ಕೆಳಗಿಳಿಸಿತು, 2006ರಲ್ಲಿ ಸುಪ್ರೀಂ ಕೋರ್ಟು ಎತ್ತಿ ಹಿಡಿಯಿತು. ಬರೆದಿಟ್ಟ ನಿಯಮ ಮುರಿದಿದೆಯೋ ಇಲ್ಲವೋ, ಅಷ್ಟೇ ನೋಡುತ್ತಾರೆ. ಯಾರ ವಶೀಲಿ, ಯಾರ ದ್ವೇಷ, ಯಾರ ಬೀಗತನ ಎಂಬುದೆಲ್ಲ ಅಲ್ಲಿ ನಡೆಯುವುದಿಲ್ಲ. ಇದಕ್ಕೂ ಮೊದಲು ನೇಮಕಾತಿ ಮಾಡಿದವರಿಗೆ ಬರೆದು ಕೇಳಿ, ಅರ್ಹತೆಯ ಕಾಗದ ತರಿಸಿಕೊಂಡು ಹೋದವನ ಮಾತಿಗೆ ತೂಕ ಇರುತ್ತದೆ.

ನಮಗೆ ಎಲ್ಲಕ್ಕಿಂತ ಹತ್ತಿರದ ನೇಮಕಾತಿ ಊರಿನ ಸೊಸೈಟಿಯ ಕಾರ್ಯದರ್ಶಿಯದು. ನಮ್ಮ ಬೆಳೆಸಾಲದ ಪುಸ್ತಕ ಬರೆಯುವವನು ಅವನೇ, ಯಾರದು ಸುಸ್ತಿ ಯಾರದು ಚಾಲ್ತಿ ಎಂದು ತೋರಿಸುವವನು ಅವನೇ. ಅಧ್ಯಕ್ಷನ ಅಳಿಯನನ್ನು ಜಾಹೀರಾತಿಲ್ಲದೆ ತಂದು ಕೂಡಿಸಿದರೂ ಸದಸ್ಯರು ಬಾಯಿ ಬಿಡುವುದಿಲ್ಲ. "ನಮ್ಮ ಸಾಲ ತಡೀತಾನ, ಯಾಕ ಬೇಕು" ಎಂದು ಸುಮ್ಮನಿರುತ್ತಾರೆ. ಯಾರಾದರೂ ಸಿಟ್ಟು ಬಂದು ಎದ್ದರೆ ನೇರ ಸಿವಿಲ್ ಕೋರ್ಟಿಗೆ ಹೋಗುತ್ತಾರೆ. ಅಲ್ಲಿ ನಡೆಯುವುದಿಲ್ಲ. 1959ರ ಸಹಕಾರ ಸಂಘಗಳ ಕಾಯ್ದೆಯ 118ನೆಯ ಕಲಮು ಸಿವಿಲ್ ಕೋರ್ಟಿಗೆ ಅಡ್ಡ ನಿಂತಿದೆ. ಸೊಸೈಟಿಯ ಆಡಳಿತದ ವ್ಯಾಜ್ಯ 70ನೆಯ ಕಲಮಿನಲ್ಲಿ ಸಹಕಾರ ಇಲಾಖೆಯ ನಿಬಂಧಕರ ಮುಂದೆ ಹೋಗಬೇಕು. ಮೊದಲು ಸರ್ವಸದಸ್ಯರ ಸಭೆಯಲ್ಲಿ ಕೇಳಿ, ನಡಾವಳಿಯಲ್ಲಿ ಬರೆಸಿ, ಬರೆಯದಿದ್ದರೆ ಬರೆಯಲಿಲ್ಲ ಎಂದೇ ಸಹಾಯಕ ನಿಬಂಧಕರಿಗೆ ದೂರು ಕೊಡಿ. ಸೊಸೈಟಿಗೆ ಮಾಹಿತಿ ಹಕ್ಕು ಹಾಕಿದರೆ "ನಾವು ಸರ್ಕಾರಿ ಕಛೇರಿ ಅಲ್ಲ" ಎಂದು ತಿರುಗಿ ಕಳಿಸುತ್ತಾರೆ. 2013ರಲ್ಲಿ ಕೇರಳದ ತಲಪ್ಪಲಂ ಸೊಸೈಟಿಯ ಕೇಸಿನಲ್ಲಿ ಸುಪ್ರೀಂ ಕೋರ್ಟು ಹಾಗೆ ಹೇಳಿರುವುದು ನಿಜ. ಆದರೆ ನಿಬಂಧಕರ ಕಛೇರಿ ಸರ್ಕಾರಿ ಕಛೇರಿಯೇ. ಕಾಯ್ದೆಯಂತೆ ಅವರು ಸೊಸೈಟಿಯಿಂದ ತರಿಸಿಕೊಳ್ಳಬಹುದಾದ ಕಾಗದವನ್ನು ಅವರ ಮೂಲಕ ಕೇಳಬಹುದು.

ಕೋರ್ಟು ಕಛೇರಿ ಎಲ್ಲ ಯಾಕೆ, ಬೀದಿಗಿಳಿದರೆ ಸಾಲದೇ ಎನ್ನುವ ಹಳಬರೂ ಇದ್ದಾರೆ. 1980ರಲ್ಲಿ ನರಗುಂದ, ನವಲಗುಂದದ ಗೋಲಿಬಾರಿನ ಬೆಂಕಿಯಲ್ಲಿ ಎದ್ದ ಚಳವಳಿ ನಮ್ಮದು. ಅಪ್ಪಣೆಯಿಲ್ಲದೆ ಅಧಿಕಾರಿಗಳು ಊರೊಳಗೆ ಬರಬಾರದೆಂದು ಅಗಸಿಯಲ್ಲಿ ಬೋರ್ಡು ಹಾಕಿದವರು ನಾವು. ಆ ಬೋರ್ಡು ಹಾಕಿಸಿದ ಪ್ರೊಫೆಸರ್ ನಂಜುಂಡಸ್ವಾಮಿಯವರು ಕಾನೂನು ಪಾಠ ಹೇಳಿದ ಮೇಷ್ಟರು ಎಂಬುದನ್ನು ಹಳಬರಿಗೆ ನೆನಪು ಮಾಡಬೇಕಾಗಿದೆ. ಬೀದಿಗಿಳಿಯೋಣ, ಆದರೆ ಯಾರ ಮೇಲೆ? ಆಕ್ಷೇಪಣೆಗೆ ಉತ್ತರ ಕೊಡದ ಕಛೇರಿಯ ಮೇಲೆ. ಕೈಯಲ್ಲಿ ಮೊಹರು ಬಿದ್ದ ಪ್ರತಿ ಇದ್ದರೆ ಅದರ ಮುಂದೆ ಕೂತು "ಇದರ ಉತ್ತರ ಎಲ್ಲಿ?" ಎಂದು ಕೇಳಬಹುದು. ಕಾಗದವಿಲ್ಲದೆ ಕೂತರೆ ಎರಡು ದಿನಕ್ಕೆ ಪೊಲೀಸರು ಎಬ್ಬಿಸಿ ಕಳಿಸುತ್ತಾರೆ.

ನಮ್ಮ ಬೇಡಿಕೆ ಇಷ್ಟು. ತಾತ್ಕಾಲಿಕ ಪಟ್ಟಿಯ ಮೇಲಿನ ಪ್ರತಿ ಆಕ್ಷೇಪಣೆಗೂ 30 ದಿನದೊಳಗೆ ಕಾರಣ ಬರೆದು ಉತ್ತರ ಕೊಡಬೇಕು, ಉತ್ತರ ಕೊಟ್ಟ ಅಧಿಕಾರಿಯ ಹೆಸರು ಅದರಲ್ಲಿರಬೇಕು. ಆ ಉತ್ತರಗಳು ಹೋಗುವ ತನಕ ಆ ಸೀಟುಗಳ ಅಂತಿಮ ಪಟ್ಟಿ ಹೊರಡಿಸಬಾರದು. ಮುಂದೆ ಯಾವ ಮಂಡಳಿಗೆ, ಎಷ್ಟು ದಿನದೊಳಗೆ ಹೋಗಬೇಕೆಂದು ಉತ್ತರದ ಕೆಳಗೇ ಕನ್ನಡದಲ್ಲಿ ಅಚ್ಚು ಹಾಕಬೇಕು. ಬ್ಯಾಂಕಿನವರು ಸಾಲದ ನೋಟೀಸಿನಲ್ಲಿ ಜಪ್ತಿಯ ತಾರೀಕು ಎಷ್ಟು ಸ್ಪಷ್ಟವಾಗಿ ಬರೆಯುತ್ತಾರೋ ಅಷ್ಟು ಸ್ಪಷ್ಟವಾಗಿ. ಆಕ್ಷೇಪಣೆಯನ್ನು ತಾಲೂಕು ಕಛೇರಿಯಲ್ಲೇ ತೆಗೆದುಕೊಂಡು ಮೊಹರು ಹಾಕಿ ಕಳಿಸುವ ಏರ್ಪಾಡು ಆಗಬೇಕು. ಹೈಕೋರ್ಟಿನ ಪೀಠ 2008ರಲ್ಲಿ ಕಲಬುರಗಿಗೆ ಬಂತು, ಮಂಡಳಿಯ ಪೀಠವೂ ಈಗ ಅಲ್ಲಿದೆ. ಒಂದು ಕಾಲದ ಬೆಂಗಳೂರಿನ ರಾತ್ರಿ ಬಸ್ಸಿಗೆ ಹೋಲಿಸಿದರೆ ಹತ್ತಿರವೇ. ಅಲ್ಲಿ ಸದಸ್ಯರ ಕುರ್ಚಿ ಖಾಲಿ ಬೀಳದ ಹಾಗೆ ನೋಡಿಕೊಳ್ಳುವುದು ಸರ್ಕಾರದ ಕೆಲಸ.

ಸಾಲಗುಂದದಲ್ಲಿ ನಾವು ಒಂದು ರೂಲು ವಹಿ ಇಟ್ಟಿದ್ದೇವೆ. ಊರಿನ ಯಾವ ಹುಡುಗ, ಹುಡುಗಿ ಯಾವ ನೇಮಕಾತಿಗೆ ಅರ್ಜಿ ಹಾಕಿದ್ದಾರೆ, ಪಟ್ಟಿ ಯಾವತ್ತು ಬಂತು, ಆಕ್ಷೇಪಣೆಯ ಕಡೇ ದಿನ ಯಾವುದು, ಆವಕ ನಂಬರು ಎಷ್ಟು, ಆರು ತಿಂಗಳು ಮುಗಿಯುವುದು ಯಾವತ್ತು, ಎಲ್ಲ ಅದರಲ್ಲಿ ಬರೆಯುತ್ತೇವೆ. ಓದಿದ ಇಬ್ಬರು ಮಕ್ಕಳು ಅರ್ಜಿ ಬರೆದು ಕೊಡುತ್ತಾರೆ, ಫೀಸಿಲ್ಲ. ತಾಲೂಕಿನ ಬೇರೆ ಊರುಗಳಲ್ಲೂ, ಲಿಂಗಸುಗೂರು, ಮಸ್ಕಿ ಕಡೆಯ ಊರುಗಳಲ್ಲೂ ಇಂಥ ವಹಿ ತೆರೆಯಿರಿ. ಕಛೇರಿಯಿಂದ ಆರು ತಿಂಗಳಾದರೂ ಉತ್ತರ ಬಾರದ ಅರ್ಜಿಗಳ ಪ್ರತಿಗಳನ್ನು ಮುಂದಿನ ತಾಲೂಕು ಸಭೆಗೆ ತನ್ನಿ. ಯಾವ ಕಛೇರಿಯ ಮುಂದೆ ಮೊದಲು ಕೂಡಬೇಕೆಂದು ಅವನ್ನು ಎಣಿಸಿ ಅಲ್ಲೇ ತೀರ್ಮಾನ ಮಾಡೋಣ.